ಮುಯ್ಯಿಯ ಪುಸ್ತಕ

(ಬಾನುಲಿ ಭಾಷಣ)

ನಮ್ಮ ಸೋಂಪುರದ ಮನೆಯ ಅಟ್ಟದ ಮೇಲೆ ಒಂದು ಕಬ್ಬಿಣದ ಪೆಟ್ಟಿಗೆಯಿದೆ. ಅದರಲ್ಲಿ ಹೊಲದ ಪಹಣಿ, ಕಂದಾಯದ ರಸೀತಿ, ಅಣ್ಣತಮ್ಮಂದಿರ ಪಾಲುಪಟ್ಟಿಗಳ ಜೊತೆಯಲ್ಲಿ ನಾಲ್ಕು ಉದ್ದನೆಯ ಪುಸ್ತಕಗಳಿವೆ. ಅವುಗಳ ಮೊದಲ ಪುಟದ ಮೂಲೆಗಳಿಗೆ ಅರಿಸಿನ ಹಚ್ಚಿದೆ. ನೆತ್ತಿಯಲ್ಲಿ ‘ಶ್ರೀ’ ಎಂದು ಬರೆದಿದೆ. ಒಳಗೆ ಇರುವುದು ಹೆಸರು, ಊರು, ಮೊತ್ತ, ಇಷ್ಟೆ. ಇವು ನಮ್ಮ ಮನೆಯಲ್ಲಿ ನಡೆದ ಮದುವೆಗಳ ಮುಯ್ಯಿಯ ಪುಸ್ತಕಗಳು. ಜೀವಮಾನವೆಲ್ಲ ಹಳಗನ್ನಡ ಕಾವ್ಯಗಳನ್ನು ಪಾಠ ಹೇಳಿದ ನಾನು ನಿವೃತ್ತನಾದ ಮೇಲೆ ಹೆಚ್ಚು ಸಲ ತೆರೆದ ಗ್ರಂಥ ಯಾವುದೆಂದು ಯಾರಾದರೂ ಕೇಳಿದರೆ, ಈ ನಾಲ್ಕರಲ್ಲಿ ಮೂರನೆಯದೆಂದೇ ಹೇಳಬೇಕಾಗುತ್ತದೆ. ಅದನ್ನು ಬರೆದವನು ನಾನೆ. ಅದರಲ್ಲಿ ಒಂದು ಸಾಲು ಬಿಟ್ಟುಹೋಗಿದೆ. ಆ ಸಾಲಿನ ಮಾತನ್ನು ಕಡೆಯಲ್ಲಿ ಹೇಳುತ್ತೇನೆ.

ಹಣವನ್ನು ಉಡುಗೊರೆಯಾಗಿ ಕೊಡುವುದು ಹೇಗೆ ಎಂಬ ಪ್ರಶ್ನೆ ಮೇಲುನೋಟಕ್ಕೆ ಹಗುರವಾಗಿ ಕಂಡರೂ ಹಗುರವಾದುದಲ್ಲ. ಹಣ್ಣು ಕೊಟ್ಟರೆ ಅದು ಹಣ್ಣು. ಸೀರೆ ಕೊಟ್ಟರೆ ಅದು ಸೀರೆ. ಹಣಕ್ಕೆ ಮಾತ್ರ ಒಂದು ತೊಡಕುಂಟು. ಸಂತೆಯಲ್ಲಿ ಸರಕಿಗೆ ತೆರುವುದೂ ಹಣ, ಹೊಲದಲ್ಲಿ ಕೂಲಿಗೆ ಕೊಡುವುದೂ ಹಣ, ಕಚೇರಿಯಲ್ಲಿ ದಂಡಕ್ಕೆ ಕಟ್ಟುವುದೂ ಹಣ. ಅದನ್ನೇ ಮದುಮಗಳ ಕೈಯಲ್ಲಿ ಬರಿದೆ ಇಟ್ಟರೆ ಪ್ರೀತಿಗೆ ಬೆಲೆ ಕಟ್ಟಿದಂತಾದೀತು. ಆದುದರಿಂದ ನಮ್ಮ ಹಿರಿಯರು ಹಣಕ್ಕೆ ಬಗೆಬಗೆಯ ವೇಷಗಳನ್ನು ತೊಡಿಸಿದರು. ಆ ವೇಷಗಳ ಇತಿಹಾಸ ನಮ್ಮ ಬಾಳಿನ ಇತಿಹಾಸವೂ ಹೌದು.

‘ಹಣ’ ಎಂಬುದೇ ಮೊದಲಿಗೆ ಒಂದು ಪುಟ್ಟ ಬಂಗಾರದ ನಾಣ್ಯದ ಹೆಸರು. ವಿಜಯನಗರದ ಕಾಲದಲ್ಲಿ ಹತ್ತು ಹಣಕ್ಕೆ ಒಂದು ವರಹ. ಮೈಸೂರಿನ ಕಂಠೀರವ ನರಸರಾಜ ಒಡೆಯರು (1638–1659) ಟಂಕಿಸಿದ ‘ಕಂಠೀರಾಯಿ ಹಣ’ ಗ್ರಾಮಿನ ಮೂರನೆಯ ಒಂದು ಭಾಗದಷ್ಟು ತೂಕದ್ದು. ಬೆರಳ ಸಂದಿಯಲ್ಲಿ ಜಾರಿಹೋಗುವಂಥದು. ಇಷ್ಟು ಸಣ್ಣ ವಸ್ತುವನ್ನು ಕೊಡಬೇಕಾದರೆ ಅದಕ್ಕೊಂದು ಆಸನ ಬೇಕು. ಆ ಆಸನವಾದುದು ವೀಳ್ಯದೆಲೆ. ಎಲೆ, ಅಡಕೆ, ಹಣ್ಣು, ಮೇಲೆ ನಾಣ್ಯ. ಹೀಗೆ ಕೊಟ್ಟಾಗ ಮುಂದಾಗಿ ಕಾಣುವುದು ತಾಂಬೂಲ. ಹಣ ಅದರ ಹಿಂದೆ ಮರ್ಯಾದೆಯಿಂದ ನಿಲ್ಲುತ್ತದೆ.

ದೇವರಿಗಾದರೆ ಮುಡಿಪು. ಹರಕೆ ಹೊತ್ತವರು ನಾಣ್ಯವನ್ನು ಅರಿಸಿನದ ಬಟ್ಟೆಯಲ್ಲಿ ಗಂಟುಕಟ್ಟಿ ದೇವರ ಗೂಡಿನಲ್ಲಿಡುತ್ತಾರೆ. ಆ ಗಂಟಿನೊಳಗಿನ ಹಣ ಅಂದಿನಿಂದ ಹಣವಲ್ಲ. ಮನೆಯಲ್ಲಿ ಎಷ್ಟೇ ಅಡಚಣೆಯಿದ್ದರೂ ಅದನ್ನು ಬಿಚ್ಚುವಂತಿಲ್ಲ. ನಮ್ಮ ಸೋಂಪುರ ಹೋಬಳಿಯ ಶಿವಗಂಗೆಯ ಬೆಟ್ಟಕ್ಕೆ ಸಂಕ್ರಾಂತಿಯ ದಿನ ಗಿರಿಜಾ ಕಲ್ಯಾಣ ನೋಡಲು ಹೋಗುವಾಗ ನಮ್ಮ ತಾಯಿಯವರ ಸೆರಗಿನ ತುದಿಯಲ್ಲಿ ಇಂಥದೊಂದು ಗಂಟು ಇದ್ದೇ ಇರುತ್ತಿತ್ತು.

ಹೆಣ್ಣುಮಕ್ಕಳಿಗಾದರೆ ಕಾಸಿನ ಸರ. ನಾಣ್ಯದಾಕಾರದ ಬಂಗಾರದ ಬಿಲ್ಲೆಗಳನ್ನು ಸಾಲಾಗಿ ಪೋಣಿಸಿದ ಈ ಒಡವೆ, ಉತ್ತರ ಕರ್ನಾಟಕದ ಪುತಳಿ ಸರದಂತೆಯೇ, ಹಣವನ್ನು ಕೊರಳಿಗೇರಿಸಿದ ಉಪಾಯ. ಹಬ್ಬದ ದಿನ ಅದು ಅಲಂಕಾರ. ಬರಗಾಲದ ವರ್ಷ ಒಂದೊಂದೇ ಕಾಸನ್ನು ಬಿಚ್ಚಿ ಮಾರಬಹುದಾದ ಇಡುಗಂಟು. ತೌರುಮನೆಯವರು ಮಗಳಿಗೆ ‘ಇದು ನಿನ್ನ ಆಪತ್ತಿಗೆ’ ಎಂದು ಬಾಯಿಬಿಟ್ಟು ಹೇಳಲಾರದುದನ್ನು ಆ ಸರ ಹೇಳುತ್ತಿತ್ತು.

ಇನ್ನು ನೂರೊಂದರ ಒಂದು. ಐವತ್ತೊಂದು, ನೂರೊಂದು ಎಂದು ಕೊಡುವ ನಮ್ಮ ಪದ್ಧತಿಗೆ ಹಿರಿಯರು ಹೇಳುತ್ತಿದ್ದ ಸಮಾಧಾನ ಸರಳವಾದುದು: ಸೊನ್ನೆ ಮುಗಿತಾಯ, ಒಂದು ಆರಂಭ. ಜಪಾನಿನವರೂ ಮದುವೆಗೆ ಎರಡಾಗಿ ಒಡೆಯದ ಸಂಖ್ಯೆಯ ನೋಟುಗಳನ್ನೇ ಆರಿಸುತ್ತಾರೆ. ಮದುವೆಗೆ ಹೊಸ ನೋಟು, ಸಾವಿನ ಮನೆಗೆ ಹಳೆಯ ನೋಟು ಎಂಬ ವಿವೇಕವೂ ಅವರಲ್ಲಿದೆ. ತೆಲುಗು ಸೀಮೆಯಲ್ಲಿಯೂ ನಮ್ಮ ಗಡಿಯೂರುಗಳಲ್ಲಿಯೂ ರೂಢಿಯಲ್ಲಿರುವ ನೂರಾಹದಿನಾರಕ್ಕೆ ಬೇರೊಂದು ವಿವರಣೆಯುಂಟು. ನಿಜಾಮರ ಹೈದರಾಬಾದು ಸಂಸ್ಥಾನದಲ್ಲಿ ಹಾಲಿ ಸಿಕ್ಕಾ ಎಂಬ ಸ್ವಂತ ರೂಪಾಯಿ ನಡೆಯುತ್ತಿತ್ತು. ಸುಮಾರಾಗಿ ಅದರ ಏಳಕ್ಕೆ ಬ್ರಿಟಿಷರ ಆರು ರೂಪಾಯಿ. ಅಂದರೆ ಬ್ರಿಟಿಷರ ನೂರು ರೂಪಾಯಿಗೆ ಅಲ್ಲಿಯ ನೂರಾಹದಿನಾರು ಚಿಲ್ಲರೆ. ವಿನಿಮಯದ ಲೆಕ್ಕವೇ ಮುಂದೆ ಮಂಗಳದ ಸಂಖ್ಯೆಯಾಯಿತೆಂದು ಹೇಳುವವರಿದ್ದಾರೆ. 1994ರಲ್ಲಿ ಒಂದು ರೂಪಾಯಿಯ ನೋಟಿನ ಮುದ್ರಣ ನಿಂತು 2015ರವರೆಗೂ ಮತ್ತೆ ಆರಂಭವಾಗಲಿಲ್ಲ. ಆ ‘ಒಂದು’ ಇಲ್ಲದೆ ನಮ್ಮವರಿಗೆ ನಡೆಯುವುದೆ? ಲಕೋಟೆಯ ಮೇಲೆಯೇ ಒಂದು ರೂಪಾಯಿಯ ಬಿಲ್ಲೆಯನ್ನು ಅಂಟಿಸಿ ಮಾರುವ ವ್ಯವಸ್ಥೆ ಊರೂರಿಗೂ ಬಂದಿತು. ನೋಟುಗಳನ್ನೇ ಹಾರವಾಗಿ ಪೋಣಿಸಿ ಮದುಮಗನ ಕೊರಳಿಗೆ ಹಾಕುವುದೂ ಉಂಟು. 1999ರಲ್ಲಿ ಸ್ವಚ್ಛ ನೋಟಿನ ನೀತಿಯನ್ನು ಸಾರಿದ ರಿಸರ್ವ್ ಬ್ಯಾಂಕು, ನೋಟುಗಳನ್ನು ಹಾರಕ್ಕೂ ಚಪ್ಪರದ ಶೃಂಗಾರಕ್ಕೂ ಬಳಸಬೇಡಿರೆಂದು ಜನರನ್ನು ಕೇಳಿಕೊಂಡಿದೆ.

ಇವೆಲ್ಲ ಹಣದ ಹೊರವೇಷಗಳು. ಒಳಗಿನ ಸಂಬಂಧವನ್ನು ತಿಳಿಯಬೇಕಾದರೆ ಪದಗಳನ್ನು ನೋಡಬೇಕು. ಕೆಳಗಿನವನು ಮೇಲಿನವನಿಗೆ ಕೊಟ್ಟರೆ ಅದು ಕಾಣಿಕೆ, ದರ್ಬಾರಿನಲ್ಲಾದರೆ ನಜರು. ಮೇಲಿನವನು ಕೆಳಗಿನವನಿಗೆ ಕೊಟ್ಟರೆ ಇನಾಮು, ಭಕ್ಷೀಸು. ಪುರೋಹಿತರಿಗೆ ದಕ್ಷಿಣೆ, ಬಡವರಿಗೆ ಧರ್ಮ. ಸರಿಸಮಾನರು ಒಬ್ಬರಿಗೊಬ್ಬರು ಕೊಟ್ಟುಕೊಳ್ಳುವುದಕ್ಕೆ ಮಾತ್ರ ಮುಯ್ಯಿ ಎಂದು ಹೆಸರು.

ಈ ಮಾತಿಗೆ ಕನ್ನಡದಲ್ಲಿ ಮೂರು ಬಾಳುಗಳಿವೆ. ಇಂದು ನಮ್ಮ ಹೊಲದಲ್ಲಿ ನೀವು ಕಳೆ ಕಿತ್ತರೆ ನಾಳೆ ನಿಮ್ಮ ಹೊಲದಲ್ಲಿ ನಾವು ಕೀಳುವುದು ಮುಯ್ಯಾಳು. ಅಲ್ಲಿ ಕೂಲಿಯ ಮಾತಿಲ್ಲ, ದಿನಕ್ಕೆ ದಿನ. ಮದುವೆಯ ಮನೆಗೆ ಹೋಗಿ ಹಣ ಬರೆಸುವುದು ಮುಯ್ಯಿ. ಸೇಡು ತೀರಿಸಿಕೊಳ್ಳುವುದೂ ಮುಯ್ಯಿಯೇ. ದುಡಿಮೆ, ಪ್ರೀತಿ, ಹಗೆ, ಈ ಮೂರನ್ನೂ ಒಂದೇ ಪದದಲ್ಲಿ ಕಟ್ಟಿದ ಜನ ಲೋಕವ್ಯವಹಾರವನ್ನು ಚೆನ್ನಾಗಿ ಬಲ್ಲವರಾಗಿರಬೇಕು. ಕೊಟ್ಟುದು ತಿರುಗಿ ಬಂದೇ ತೀರುತ್ತದೆ ಎಂಬುದೇ ಅದರ ತಿರುಳು. ಫ್ರಾನ್ಸಿನ ಮಾರ್ಸೆಲ್ ಮೋಸ್ ಎಂಬ ವಿದ್ವಾಂಸರು 1925ರಲ್ಲಿ ಪ್ರಕಟವಾದ ತಮ್ಮ ಪ್ರಬಂಧದಲ್ಲಿ, ಕೊಡುವುದು, ಸ್ವೀಕರಿಸುವುದು, ಹಿಂದಿರುಗಿಸುವುದು ಈ ಮೂರೂ ಉಡುಗೊರೆಯ ಕಟ್ಟಳೆಗಳೆಂದು ದೇಶದೇಶಗಳ ನಿದರ್ಶನಗಳಿಂದ ತೋರಿಸಿದರು. ನಮ್ಮ ಹಳ್ಳಿಯವರಿಗೆ ಆ ತತ್ತ್ವ ಒಂದು ಮಾತಿನಲ್ಲಿ ಅಡಗಿತ್ತು.

ನೆರೆಹೊರೆಯವರಲ್ಲೂ ಇದು ಇದೆ. ತಮಿಳರು ‘ಮೊಯ್’ ಎನ್ನುತ್ತಾರೆ. ಪುದುಕೋಟೆ, ತಂಜಾವೂರುಗಳ ಕಡೆ ಈ ಹಣವನ್ನು ಕೂಡಿಸುವುದಕ್ಕಾಗಿಯೇ ಮೊಯ್ ವಿರುಂದು ಎಂಬ ಔತಣ ನಡೆಯುತ್ತದೆ. ತೆಲುಗರು ‘ಚದಿವಿಂಪುಲು’ ಎನ್ನುತ್ತಾರೆ. ಓದಿಸುವುದು ಎಂದು ಅರ್ಥ. ಕೊಟ್ಟವರ ಹೆಸರನ್ನೂ ಮೊತ್ತವನ್ನೂ ಗಟ್ಟಿಯಾಗಿ ಹೇಳುವುದೇ ಅಲ್ಲಿ ಉಡುಗೊರೆಗೆ ಹೆಸರಾಗಿದೆ. ಸರಕಾರವೂ ಈ ದಾರಿಗೆ ಬಂದಿತು. 1961ರ ವರದಕ್ಷಿಣೆ ನಿಷೇಧ ಕಾಯಿದೆಯನ್ನು ಬಿಗಿಗೊಳಿಸಿ, ಮದುವೆಯಲ್ಲಿ ಬಂದ ಉಡುಗೊರೆಗಳನ್ನು ಕೊಟ್ಟವರ ಹೆಸರು, ಸಂಬಂಧ, ಅಂದಾಜು ಬೆಲೆಗಳೊಡನೆ ಪಟ್ಟಿಮಾಡಿಡಬೇಕೆಂದು 1985ರಲ್ಲಿ ನಿಯಮ ಮಾಡಿದರು. ಅರಿಸಿನ ಹಚ್ಚಿಲ್ಲವೆಂಬುದನ್ನು ಬಿಟ್ಟರೆ ಅದೂ ಮುಯ್ಯಿಯ ಪುಸ್ತಕವೇ.

ಮುಯ್ಯಿಯ ಗಣಿತ ವಿಚಿತ್ರವಾದುದು. ಐದು ಕೊಟ್ಟವರಿಗೆ ಐದನ್ನೇ ಹಿಂದಿರುಗಿಸಿದರೆ ಲೆಕ್ಕ ತೀರಿತು, ನಂಟೂ ತೀರಿತು ಎಂದರ್ಥ. ಆದ್ದರಿಂದ ಒಂದಷ್ಟು ಸೇರಿಸಿ ಕೊಡಬೇಕು. ಆ ಹೆಚ್ಚಳ ಈಗ ಅವರ ಮೇಲಿನ ಹೊಣೆಯಾಗುತ್ತದೆ. ಹೀಗೆ ಎಂದೂ ಸಮನಾಗದ ಲೆಕ್ಕವೇ ಊರನ್ನು ಕೂಡಿಸಿಟ್ಟಿತ್ತು. ಮದುವೆಯ ಮರುದಿನ ಅಂಗಡಿಯ ಅಕ್ಕಿಬೆಲ್ಲದ ಬಾಕಿ ತೀರುತ್ತಿದ್ದುದು ಈ ಬಡ್ಡಿಯಿಲ್ಲದ ಹಣದಿಂದಲೆ. ಮುಯ್ಯಿಯ ಪುಸ್ತಕದಲ್ಲಿ ಹೆಸರಿರುವುದೆಂದರೆ ಈ ಕೊಡುಕೊಳೆಯ ಬಳಗದಲ್ಲಿ ಒಬ್ಬರೆನ್ನಿಸಿಕೊಳ್ಳುವುದು. ಹೆಸರಿಲ್ಲದಿರುವುದೆಂದರೇನು ಎಂಬುದು ನನಗೆ ಬಹಳ ತಡವಾಗಿ ತಿಳಿಯಿತು.

1974ರ ಬೇಸಿಗೆಯಲ್ಲಿ ನಮ್ಮ ಅಕ್ಕನ ಮದುವೆ. ಮನೆಯ ಮುಂದೆ ತೆಂಗಿನ ಗರಿಯ ಚಪ್ಪರ. ನಾನು ಆಗತಾನೆ ಎಸ್.ಎಸ್.ಎಲ್.ಸಿ. ಪರೀಕ್ಷೆ ಬರೆದಿದ್ದೆ, ಅಕ್ಷರ ದುಂಡಗಿದೆಯೆಂದು ಪುಸ್ತಕ ನನ್ನ ಕೈಗೆ ಬಂದಿತು. ಸೋದರಮಾವ ಹಣ ಎಣಿಸಿ ಹೆಸರು ಕೂಗುವರು, ನಾನು ಬರೆಯುವೆನು. ಮಾವ ಬೀಗರನ್ನು ಎದುರುಗೊಳ್ಳಲು ಎದ್ದುಹೋಗಿದ್ದ ಹೊತ್ತಿನಲ್ಲಿ ಒಬ್ಬ ಮುದುಕಿ ಚಪ್ಪರದ ಅಂಚಿಗೆ ಬಂದು ನಿಂತರು. ನಮ್ಮ ರಾಗಿಯ ಹೊಲಕ್ಕೆ ವರ್ಷವರ್ಷವೂ ಕಳೆ ತೆಗೆಯಲು ಬರುತ್ತಿದ್ದವರು. ನಾವೆಲ್ಲ ಅಜ್ಜಿ ಎಂದೇ ಕರೆಯುತ್ತಿದ್ದೆವು. ಚಪ್ಪರದ ಒಳಗೆ ಬರುವಂತಿಲ್ಲದವರ ಕೇರಿಗೆ ಸೇರಿದವರು. ಸೆರಗಿನ ಗಂಟು ಬಿಚ್ಚಿ, ಎರಡು ರೂಪಾಯಿಯ ನೋಟನ್ನು ಒಂದು ವೀಳ್ಯದೆಲೆಯ ಮೇಲಿಟ್ಟು, ನನ್ನ ಕೈಗೆ ತಾಕದಂತೆ ಚಾಪೆಯ ತುದಿಯಲ್ಲಿ ಇರಿಸಿದರು. ಅಂದಿಗೆ ಅದು ಅವರ ಒಂದು ದಿನದ ಕೂಲಿ.

“ಬರ್ಕಂಡ್ಯಾ ಮಗ?” ಎಂದು ಕೇಳಿದರು.

“ಹೂಂ ಅಜ್ಜಿ, ಬರ್ಕಂಡೆ” ಎಂದೆ.

ನಾನು ಬರೆದಿರಲಿಲ್ಲ. ಆ ಪುಸ್ತಕದಲ್ಲಿ ಅಂಥ ಹೆಸರು ಇರಬಹುದೊ ಬಾರದೊ ನನಗೆ ತಿಳಿಯದು. ಕೇಳೋಣವೆಂದರೆ ಮಾವ ಇಲ್ಲ. ಹಿಂದೆ ಹನ್ನೊಂದು ರೂಪಾಯಿ ಹಿಡಿದ ನಂಟರೊಬ್ಬರು ನಿಂತಿದ್ದರು. ನೋಟನ್ನು ತಟ್ಟೆಗೆ ಹಾಕಿ ಅವರ ಹೆಸರನ್ನು ಬರೆದೆ. ರಾತ್ರಿ ಎಣಿಸಿದಾಗ ಲೆಕ್ಕಕ್ಕಿಂತ ಎರಡು ರೂಪಾಯಿ ಹೆಚ್ಚು. “ಲಕ್ಷ್ಮಿ ತಾನಾಗಿ ಬಂದವ್ಳೆ” ಎಂದು ಮಾವ ನಕ್ಕರು. ನಾನು ಸುಮ್ಮನಿದ್ದೆ.

ಎರಡು ವರ್ಷದ ಮೇಲೆ ಆ ಅಜ್ಜಿಯ ಮೊಮ್ಮಗಳ ಮದುವೆಯಾಯಿತು. ನಮ್ಮ ತಂದೆಯವರು ಯಾರ ಮನೆಯ ಮದುವೆಯಾದರೂ ಮೊದಲು ಪುಸ್ತಕ ತೆಗೆದು ನೋಡುತ್ತಿದ್ದರು. ನೋಡಿದರು, ಹೆಸರಿರಲಿಲ್ಲ. ‘ಪಾಪ, ಬಡವರು’ ಎಂದು ಒಂದು ಮರದ ತುಂಬ ರಾಗಿಯನ್ನು ಆಳಿನ ಕೈಯಲ್ಲಿ ಕಳುಹಿಸಿದರು. ಬೆಲೆಯಲ್ಲಿ ಅದು ಎರಡು ರೂಪಾಯಿಗಿಂತ ಹೆಚ್ಚಿನದೇ ಇದ್ದೀತು. ಆದರೆ ಅದು ಧರ್ಮವಾಯಿತು, ಮುಯ್ಯಿಯಾಗಲಿಲ್ಲ. ತಮ್ಮ ಒಂದು ದಿನದ ದುಡಿಮೆಯನ್ನು ಸರಿಸಮಾನರಂತೆ ನಮ್ಮ ಮನೆಯ ಮಂಗಳಕ್ಕೆ ಕೊಟ್ಟವರಿಗೆ ನಾವು ಭಿಕ್ಷೆಯನ್ನು ಕಳುಹಿಸಿದೆವು. ಆಕೆ ಎಂದೂ ಅದರ ಮಾತೆತ್ತಲಿಲ್ಲ. ಮುಂದಿನ ಕಳೆಗೆ ಎಂದಿನಂತೆ ಬಂದರು.

ಇಂದು ಸೋಂಪುರದಲ್ಲಿ ರಾಗಿಯ ಹೊಲಗಳು ಕಡಮೆಯಾಗಿ ಕೈಗಾರಿಕಾ ಪ್ರದೇಶ ಬೆಳೆದಿದೆ. ಮದುವೆಗಳು ಕಲ್ಯಾಣಮಂಟಪಗಳಿಗೆ ಹೋಗಿವೆ. ಆಹ್ವಾನಪತ್ರಿಕೆಯ ಕೆಳಗೆ ‘ಆಶೀರ್ವಾದವೇ ಉಡುಗೊರೆ’ ಎಂದು ಅಚ್ಚುಹಾಕಿಸುವವರಿದ್ದಾರೆ. 2016ರಲ್ಲಿ ಯುಪಿಐ ಬಂದ ಮೇಲೆ, ಚುಕ್ಕಿಗಳ ಚೌಕವೊಂದನ್ನು ಮೊಬೈಲಿಗೆ ತೋರಿಸಿ ಹಣ ಸಲ್ಲಿಸುವುದೂ ಬಂದಿದೆ. ಹಳೆಯ ಕಾಲದ ಹಂಬಲದಿಂದ ಇದನ್ನು ಹಳಿಯಲು ನನಗೆ ಬಾಯಿ ಬರುವುದಿಲ್ಲ. ಎರಡು ರೂಪಾಯಿಯಾಗಲಿ ಎರಡು ಸಾವಿರವಾಗಲಿ, ಯಾವ ಕೇರಿಯವರೆಂದು ಕೇಳದೆ ಆ ಯಂತ್ರ ಎಲ್ಲರ ಹೆಸರನ್ನೂ ಬರೆದುಕೊಳ್ಳುತ್ತದೆ. ಹದಿನಾರು ವರ್ಷದ ಹುಡುಗ ಮಾಡಲಾರದೆ ಹೋದುದನ್ನು ಅದು ಮಾಡುತ್ತದೆ. ಆದರೆ ಹೆಸರನ್ನು ಚಪ್ಪರದ ನಡುವೆ ನಿಂತು ಕೂಗುವುದು ಅದಕ್ಕೆ ತಿಳಿಯದು.

ಕಳೆದ ವರ್ಷ ಆ ಮನೆಯ ಮರಿಮಗನೊಬ್ಬನ ಮದುವೆಗೆ ಕರೆ ಬಂದಿತು. ಹುಡುಗ ಅಲ್ಲಿಯೇ ಒಂದು ಕಾರ್ಖಾನೆಯಲ್ಲಿ ಕೆಲಸಕ್ಕಿದ್ದಾನೆ. ಹೊರಡುವ ಮುನ್ನ ಅಟ್ಟದಿಂದ ಮೂರನೆಯ ಪುಸ್ತಕವನ್ನು ತೆಗೆದೆ. ಹನ್ನೊಂದು ರೂಪಾಯಿಯ ಸಾಲಿಗೆ ಮೇಲುಗಡೆ ಅಂಚಿನಲ್ಲಿ ಸ್ವಲ್ಪ ಜಾಗವಿದೆ. ಲೇಖನಿ ತೆರೆದೆ. ‘ಸೋಂಪುರ, ಎರಡು ರೂಪಾಯಿ’ ಎಂದು ಬರೆದೆ. ಹೆಸರಿನ ಜಾಗ ಬರಿದಾಗಿಯೇ ಉಳಿಯಿತು. ಅಜ್ಜಿ ಎಂಬುದರ ಹೊರತು ಆಕೆಯ ಹೆಸರು ನನಗೆ ಗೊತ್ತಿರಲಿಲ್ಲ.

ಮದುವೆಯ ಮನೆಯಲ್ಲಿ ತಾಂಬೂಲದ ಮೇಲಿಟ್ಟು ನನ್ನ ಮುಯ್ಯಿಯನ್ನು ಕೊಟ್ಟು, ಹುಡುಗನ ಅಜ್ಜಿಯನ್ನು, ಎಂದರೆ ಅಂದಿನ ಆ ಮದುಮಗಳನ್ನು, ಹತ್ತಿರ ಕೂರಿಸಿಕೊಂಡು ಕೇಳಿದೆ. ಆಕೆ ಹೇಳಿದರು. ಮನೆಗೆ ಬಂದವನೇ ಆ ಹೆಸರನ್ನು ಅದರ ಜಾಗದಲ್ಲಿ ಬರೆದೆ. ಐವತ್ತು ವರ್ಷದ ಹಿಂದಿನ ಶಾಯಿ ಕಂದಿದೆ. ಈ ಒಂದು ಸಾಲು ಮಾತ್ರ ಕಪ್ಪಗೆ ಕಾಣುತ್ತದೆ.