ಹೆಸರ ಹೇಳಿ ಒಳಗ ಬಾ

ಲಕ್ಕುಂಡಿ, ಶಿರಹಟ್ಟಿ, ಮುಂಡರಗಿ ಸೀಮೆಯ ಮದುವೆಮನೆಗಳಲ್ಲಿ ಗಂಡನ ಮನೆಗೆ ಬಂದ ಹೊಸ ಸೊಸೆ ಹೊಸ್ತಿಲ ಮುಂದೆ ನಿಲ್ಲಬೇಕು. ನಾದಿನಿ ಬಾಗಿಲಿಗೆ ಅಡ್ಡ ನಿಂತು ‘ಹೆಸರ ಹೇಳಿ ಒಳಗ ಬಾ’ ಅನ್ನುತ್ತಾಳೆ. ಬರೀ ಹೆಸರು ಹೇಳಿದರೆ ಸಾಲದು, ಒಡಪು ಕಟ್ಟಿ ಹೇಳಬೇಕು: ಎರಡು ಮೂರು ಸಾಲು, ಕೊನೆಗೊಂದು ಪ್ರಾಸ, ನಡುವೆ ಎಲ್ಲೋ ಗಂಡನ ಹೆಸರು. ಅದರ ಕಟ್ಟು ತಿಳಿಯಲೆಂದು ಇಲ್ಲೇ ಒಂದನ್ನು ಹೊಸದಾಗಿ ಹೆಣೆಯಬಹುದು: ‘ಮುಸುಕಿನ ಬಾವಿಗೆ ಇಳಿಯಾಕ ಮೂರು ದಾರಿ, ಬಸವರಾಜರ ಸಿಟ್ಟು ಇಳಿಯೂದು ನಾ ನಕ್ಕರ ಒಂದು ಸಾರಿ.’ ಮೊದಲ ಸಾಲು ಲಕ್ಕುಂಡಿಯ ಮಾಣಿಕೇಶ್ವರ ಗುಡಿಯ ಮಗ್ಗುಲಿನ ಬಾವಿಯ ಮಾತು, ಯಾರಿಗೂ ತಗಲುವುದಿಲ್ಲ. ಎರಡನೆಯದರಲ್ಲಿ ‘ಇಳಿ’ ಎಂಬ ಅದೇ ಕ್ರಿಯಾಪದ ಮೆಲ್ಲಗೆ ಗಂಡನ ಸಿಟ್ಟಿನ ಕಡೆ ತಿರುಗುತ್ತದೆ. ಗಂಡನಿಗೆ ‘ಬಸವರಾಜರು’ ಎಂಬ ಬಹುವಚನದ ಮರ್ಯಾದೆ ಹಾಗೇ ಉಳಿಯುತ್ತದೆ, ಅವನ ಸಿಟ್ಟಿನ ಕೀಲಿಕೈ ತನ್ನ ಬಳಿ ಇದೆಯೆಂದು ಹುಡುಗಿ ಬೀಗರೆಲ್ಲರ ಎದುರು ಸಾರಿದಂತೆಯೂ ಆಗುತ್ತದೆ. ಒಡಪಿನ ನಗೆ ಹೊತ್ತು ಕಳೆಯುವ ಚೇಷ್ಟೆಗಿಂತ ದೊಡ್ಡದು. ಪರಕೀಯಳಾಗಿ ಬಂದ ಹೆಣ್ಣಿಗೆ ಆ ಮನೆಯಲ್ಲಿ ಮೊದಲ ಸಲ ಬಾಯಿ ಕೊಟ್ಟ ಪದ್ಧತಿ ಅದು ಎಂಬುದು ನನ್ನ ವಾದ.

ಹಾಗೆನ್ನಲು ಕಾರಣ ಹೆಸರಿನ ಮೇಲಿದ್ದ ನಿಷೇಧ. ಹಳೆಯ ಮನೆಗಳಲ್ಲಿ ಹೆಂಡತಿ ಗಂಡನನ್ನು ‘ಇವರು’, ‘ನಮ್ಮ ಮನಿಯವರು’ ಎಂದೇ ಕರೆದಳು. ಮಕ್ಕಳಾದ ಮೇಲೆ ಇಂಥವರ ಅಪ್ಪ ಎಂದಳು. ಹಲಸಂಗಿಯ ಗೆಳೆಯರು ಸಂಗ್ರಹಿಸಿ 1931ರಲ್ಲಿ ಅಚ್ಚು ಹಾಕಿಸಿದ ‘ಗರತಿಯ ಹಾಡು’ ನೋಡಿದರೂ ಗಂಡ ಬರುವುದು ‘ರಾಯ’ನಾಗಿ. ಬೀಸುಕಲ್ಲಿನ ಮುಂದೆ ಒಬ್ಬಳೇ ಕೂತು ಹಾಡುವಾಗಲೂ ನಾಲಿಗೆಗೆ ಬಾರದ ಹೆಸರು ತುಂಬಿದ ಮನೆಯಲ್ಲಿ, ಹಿರಿಯರ ಎದುರಿಗೆ, ಪ್ರಾಸದೊಳಗೆ ಕೂತು ಬರುತ್ತದೆ. ನಿಷೇಧವನ್ನು ಮಾಡಿದ ಸಮಾಜವೇ ಅದನ್ನು ದಾಟಲು ಒಂದು ಗಳಿಗೆಯನ್ನೂ ಗೊತ್ತು ಮಾಡಿಕೊಟ್ಟಿತು, ದಾಟುವವಳಿಂದ ಜಾಣತನದ ಸುಂಕ ಕೇಳಿತು. ಮದುವೆ, ಆರತಿ, ಕುಬುಸ, ತೊಟ್ಟಿಲು ಹೀಗೆ ಆ ಗಳಿಗೆ ಮತ್ತೆ ಮತ್ತೆ ಬಂತು.

ಇದಕ್ಕೆ ಸರಿಸಾಟಿಯಾದದ್ದು ದೂರದ ಆಫ್ರಿಕಾದಲ್ಲಿದೆ. ಜುಲು ಮತ್ತು ಖೋಸಾ ಜನರಲ್ಲಿ ಸೊಸೆಯಾದವಳು ಮಾವನ ಹೆಸರನ್ನಷ್ಟೇ ಅಲ್ಲ, ಆ ಹೆಸರಿನ ಉಚ್ಚಾರವಿರುವ ದಿನಬಳಕೆಯ ಮಾತನ್ನೂ ಬಿಡಬೇಕಾಗಿತ್ತು. ‘ಹ್ಲೊನಿಫ’ ಎಂಬ ಈ ಕಟ್ಟಳೆಯಿಂದಾಗಿ ಅಲ್ಲಿನ ಹೆಂಗಸರು ಬದಲಿ ಪದಗಳ ಒಂದು ಭಂಡಾರವನ್ನೇ ಕಟ್ಟಿಕೊಂಡರು. ಅದೇ ಖಂಡದ ಹಲವು ಜನಾಂಗಗಳಲ್ಲಿ ಅತ್ತೆಯ ಎದುರು ತಲೆ ಎತ್ತದ ಅಳಿಯ ಹೆಂಡತಿಯ ಅಣ್ಣತಮ್ಮಂದಿರನ್ನು, ಅಕ್ಕತಂಗಿಯರನ್ನು ಮನಸಾರೆ ಗೇಲಿ ಮಾಡಬಹುದಿತ್ತು, ಅವರು ಸಿಟ್ಟಾಗುವಂತಿರಲಿಲ್ಲ. ಮಾನವಶಾಸ್ತ್ರಜ್ಞ ರಾಡ್‌ಕ್ಲಿಫ್-ಬ್ರೌನ್ 1940ರ ಲೇಖನದಲ್ಲಿ ಇದನ್ನು ವಿವರಿಸಿದರು: ಮದುವೆ ಎರಡು ಕುಲಗಳನ್ನು ಕೂಡಿಸುತ್ತದೆ, ಆದರೂ ಅವು ಬೇರೆಯೇ, ಆ ನಡುವಿನ ಬಿಗುವನ್ನು ತಡೆಯಲು ಹಿರಿಯರ ಜೊತೆ ಅತಿಮರ್ಯಾದೆ, ಸಮಾನರ ಜೊತೆ ಚೇಷ್ಟೆ. ನಮ್ಮ ಹೊಸ್ತಿಲಿಗೆ ಬನ್ನಿ. ಬಾಗಿಲು ತಡೆಯುವವಳು ಅತ್ತೆಯಲ್ಲ, ನಾದಿನಿ. ಬೀಗರನ್ನು ಹಂಗಿಸುವ ಹಾಡುಗಳೂ ಇದೇ ತರ್ಕದ ಕೂಸು.

ಒಡಪು ಮರಾಠಿಯ ‘ಉಖಾಣಾ’ದ ನೆರಳು ಎನ್ನುವವರಿದ್ದಾರೆ. ಲಕ್ಕುಂಡಿಯ ಪಕ್ಕದ ಗದಗ 1956ರವರೆಗೆ ಮುಂಬಯಿ ಆಡಳಿತದಲ್ಲೇ ಇದ್ದುದರಿಂದ ಕೊಡುಕೊಳ್ಳುವಿಕೆ ಸಹಜ. ಆದರೆ ಎರಡೂ ಕಡೆ ಈ ಹೆಸರಿಗೆ ಒಗಟು ಎಂಬ ಅರ್ಥವೂ ಇದೆ. ಮುಚ್ಚಿಟ್ಟದ್ದನ್ನು ಬಿಚ್ಚಿ ಹೇಳುವ ಆಟ ಎರಡು ನುಡಿಗಳ ಹೆಂಗಸರಿಗೂ ಸ್ವಂತದ್ದೇ ಆಗಿತ್ತು. ಗಟ್ಟಿಯಾದ ಆಕ್ಷೇಪ ಇನ್ನೊಂದು: ವರ್ಷವಿಡೀ ಬಾಯಿ ಕಟ್ಟಿ ಒಂದು ದಿನ ಬಿಚ್ಚಿದರೆ ಅದು ದಾಸ್ಯದ ಅಲಂಕಾರವಷ್ಟೇ ಅಲ್ಲವೇ? ತನ್ನ ಹೆಸರು, ಗುರುವಿನ ಹೆಸರು, ಹಿರಿಯ ಮಗನ ಹೆಸರಿನ ಜೊತೆಗೆ ಹೆಂಡತಿಯ ಹೆಸರನ್ನೂ ಹೇಳಬಾರದೆಂದು ಗಂಡಸಿಗೆ ವಿಧಿಸಿದ ಸಂಸ್ಕೃತ ಸುಭಾಷಿತವಿದೆ, ಮದುಮಗನೂ ಒಡಪು ಹೇಳಲೇಬೇಕು. ಹಾಗಿದ್ದರೂ ಭಾರ ಹೆಚ್ಚು ಬಿದ್ದದ್ದು ಹೆಣ್ಣಿನ ಮೇಲೆ. ಇದನ್ನು ಒಪ್ಪದೆ ಒಡಪನ್ನು ಹೊಗಳುವುದು ಅಪ್ರಾಮಾಣಿಕ. ನಾನು ಕೇಳುವುದಿಷ್ಟು: ಕಟ್ಟಳೆ ಮಾಡಿದವರು ಯಾರೇ ಇರಲಿ, ಆ ಇಕ್ಕಟ್ಟಿನಲ್ಲಿ ನಿಂತು ಪ್ರಾಸ ಹುಡುಕಿದವಳು ಯಾರು? ಇದೇ ಲಕ್ಕುಂಡಿಯಲ್ಲಿ 1007ರಲ್ಲಿ ಬ್ರಹ್ಮಜಿನಾಲಯ ಕಟ್ಟಿಸಿದ ಅತ್ತಿಮಬ್ಬೆಯ ದಾಂಪತ್ಯ, ಗಂಡ ನಾಗದೇವನ ಸಾವು, ಅವನೊಡನೆ ಚಿತೆಯೇರಿದ, ಸವತಿಯೂ ಆಗಿದ್ದ ತಂಗಿ ಗುಂಡಮಬ್ಬೆಯ ಕಥೆ ನಮಗೆ ಗೊತ್ತು. ಆದರೆ ಹೇಳಿದವನು ಕವಿ ರನ್ನ, 993ರ ‘ಅಜಿತಪುರಾಣ’ದಲ್ಲಿ. ಗಂಡನ ಬಗ್ಗೆ ಅತ್ತಿಮಬ್ಬೆಯ ಬಾಯಿಂದಲೇ ಬಂದ ಒಂದು ಮಾತೂ ಉಳಿದಿಲ್ಲ. ಒಡಪಿನಲ್ಲಿ ಅಕ್ಷರ ಬಾರದ ರೈತಾಪಿ ಹೆಂಗಸಿನ ಸ್ವಂತ ಮಾತು ಉಳಿದಿದೆ.

ಈಗಿನ ಹುಡುಗಿಯರು ಗಂಡನನ್ನು ಹೆಸರು ಹಿಡಿದೇ ಕರೆಯುತ್ತಾರೆ, ಅದು ಒಳ್ಳೆಯದೇ. ಒಡಪು ಮಾತ್ರ ಸಿದ್ಧಪಾಠವಾಗಿ, ಮೊಬೈಲಿನಲ್ಲಿ ನೋಡಿ ಓದುವ ಸಾಲಾಗುತ್ತಿದೆ. ನಿಮ್ಮ ಮನೆಯ ಅಜ್ಜಿ ತನ್ನ ಕುಬುಸದಲ್ಲಿ ಹೇಳಿದ ಒಡಪು ಆಕೆಗೆ ಇನ್ನೂ ನೆನಪಿದ್ದರೆ ಊರು, ವರ್ಷ, ಅಜ್ಜನ ಹೆಸರು ಸಮೇತ ಇವತ್ತೇ ಬರೆದಿಡಿ.