ಸಿಸ್ಟರ್, ಪಟ್ಟಿಯಲ್ಲಿ ನಿಮ್ಮ ನಂಬರ್ ಎಷ್ಟು?

ಮಂಡ್ಯ ಜಿಲ್ಲೆಯಲ್ಲಿ ಎರಡು ಕಂದಾಯ ಉಪವಿಭಾಗ. ಅದರಲ್ಲಿ ಪಾಂಡವಪುರ ಉಪವಿಭಾಗಕ್ಕೆ ಶ್ರೀರಂಗಪಟ್ಟಣ, ಪಾಂಡವಪುರ, ಕೆ.ಆರ್. ಪೇಟೆ, ನಾಗಮಂಗಲ, ಈ ನಾಲ್ಕು ತಾಲ್ಲೂಕು ಸೇರುತ್ತವೆ. ನಾಲ್ಕೂ ಕಡೆ ತಾಲ್ಲೂಕು ಆಸ್ಪತ್ರೆ ಇದೆ. ಇಲ್ಲಿ ಹೆಸರು ಬದಲಾಗೋದು ಹೊಸದೇನಲ್ಲ ನೋಡಿ. ಕೆ.ಆರ್. ಪೇಟೆ ಒಂದು ಕಾಲಕ್ಕೆ ಅತ್ತಿಕುಪ್ಪೆ, ಪಾಂಡವಪುರ ಫ್ರೆಂಚ್ ರಾಕ್ಸ್. ಈಚೆಗೆ ಆಸ್ಪತ್ರೆಯ ಸ್ಟಾಫ್ ನರ್ಸ್‌ ಹೆಸರೂ ಬದಲಾಯಿತು, ಈಗ ಅವರು ಶುಶ್ರೂಷಾಧಿಕಾರಿ. ಬೋರ್ಡ್ ಬದಲಾಯಿಸೋಕೆ ಒಂದು ಆದೇಶ ಸಾಕು. ಜ್ಯೇಷ್ಠತಾ ಪಟ್ಟಿಯಲ್ಲಿ ಅವರ ನಂಬರ್ ಎಷ್ಟು ಅಂತ ಗಟ್ಟಿಯಾಗಿ ಹೇಳೋಕೆ ಮಾತ್ರ ನಮಗೆ ನಾಲ್ಕು ದಶಕ ಸಾಲಲಿಲ್ಲ.

ಸರ್ಕಾರಿ ನೌಕರಿಯಲ್ಲಿ ಹತ್ತು ವರ್ಷ ಕಳೆದರೆ ಕಾಲಬದ್ಧ ಬಡ್ತಿ ಅಂತ ಸಂಬಳ ಒಂದು ಮೆಟ್ಟಿಲು ಏರುತ್ತೆ. ಕುರ್ಚಿ ಏರಲ್ಲ. ಅದೇ ವಾರ್ಡು, ಅದೇ ನೈಟ್ ಡ್ಯೂಟಿ. ಹಿರಿಯ ಶುಶ್ರೂಷಾಧಿಕಾರಿ, ಶುಶ್ರೂಷಾ ಅಧೀಕ್ಷಕಿ ಆಗಬೇಕಾದರೆ ಮೇಲಿನ ಹುದ್ದೆ ಖಾಲಿ ಇರಬೇಕು, ಇಲಾಖಾ ಬಡ್ತಿ ಸಮಿತಿ ಸೇರಬೇಕು, ಎಲ್ಲಕ್ಕಿಂತ ಮೊದಲು ಅಂತಿಮ ಜ್ಯೇಷ್ಠತಾ ಪಟ್ಟಿ ಬರಬೇಕು. ಜಗಳ ಶುರುವಾಗೋದೇ ಆ ಪಟ್ಟಿಯಿಂದ.

ಹಳೇ ಮೈಸೂರು ಸರ್ಕಾರದ 1957ರ ನಿಯಮ 'ಜ್ಯೇಷ್ಠತೆ ಹಾಗೂ ಅರ್ಹತೆ' ಅನ್ನುತ್ತಿತ್ತು. ಇದರ ಅರ್ಥ ಏನು? ಸಂಖ್ಯಾಶಾಸ್ತ್ರ ಇಲಾಖೆಯ ಸಯ್ಯದ್ ಮಹಮೂದ್ ಪ್ರಕರಣ ಸುಪ್ರೀಂ ಕೋರ್ಟ್ ತನಕ ಹೋಯಿತು. 1968ರ ತೀರ್ಪು ಸಾರಾಂಶದಲ್ಲಿ ಹೇಳಿದ್ದು ಇಷ್ಟು: ಸೀನಿಯರ್ ಆದ ಮಾತ್ರಕ್ಕೆ ಬಡ್ತಿ ಹಕ್ಕಲ್ಲ, ಆದರೆ ಹಿರಿಯರ ಹೆಸರನ್ನು ಪರಿಶೀಲಿಸದೇ ಕಿರಿಯರನ್ನು ಮೇಲಕ್ಕೆ ಕಳಿಸೋ ಹಾಗಿಲ್ಲ. ಮುಂದೆ 1999ರಲ್ಲಿ, ಬಡ್ತಿಗೆ ಪರಿಗಣನೆಯಾಗೋದು ಮೂಲಭೂತ ಹಕ್ಕು ಅಂತಲೇ ಸಂವಿಧಾನ ಪೀಠ ಹೇಳಿತು.

ನರ್ಸಿಂಗ್‌ನದ್ದೇ ಒಂದು ಸ್ವಾರಸ್ಯದ ಕೇಸಿದೆ, ದೆಹಲಿಯದ್ದು. ವಾಲ್ಟರ್ ಆಲ್ಫ್ರೆಡ್ ಬೈದ್ ಗಂಡಸು, ಹುದ್ದೆಯ ಹೆಸರು 'ಸಿಸ್ಟರ್ ಟ್ಯೂಟರ್'. ಮೇಲಿನ ಬೋಧಕ ಹುದ್ದೆಗೆ ಹೆಂಗಸರು ಮಾತ್ರ ಅಂತ ನಿಯಮ ಇತ್ತು. 1976ರಲ್ಲಿ ದೆಹಲಿ ಹೈಕೋರ್ಟ್ ಅದನ್ನು ಲಿಂಗ ತಾರತಮ್ಯ ಅಂತ ತಳ್ಳಿಹಾಕಿತು.

ಇನ್ನು ನಮ್ಮ ರಾಜ್ಯದ ದೊಡ್ಡ ಜಗಳಕ್ಕೆ ಬರೋಣ. 1978ರ ಏಪ್ರಿಲ್ 27ರ ಆದೇಶದಿಂದ ಬಡ್ತಿಯಲ್ಲಿ ಪರಿಶಿಷ್ಟ ಜಾತಿಗೆ ಶೇ. 15, ಪಂಗಡಕ್ಕೆ ಶೇ. 3 ಮೀಸಲಾತಿ ಬಂತು. ಇಬ್ಬರು ಸಿಸ್ಟರ್‌ಗಳನ್ನು ಊಹಿಸಿಕೊಳ್ಳಿ. ನಾಗಮಂಗಲದವರು ಸಾಮಾನ್ಯ ವರ್ಗ, ಸೇವೆಯಲ್ಲಿ ಒಂದು ವರ್ಷ ಹಿರಿಯರು. ಶ್ರೀರಂಗಪಟ್ಟಣದವರು ಪರಿಶಿಷ್ಟ ಜಾತಿ, ರೋಸ್ಟರ್ ಬಿಂದುವಿನಲ್ಲಿ ಮೊದಲು ಬಡ್ತಿ ಪಡೆದರು. ನಾಲ್ಕು ವರ್ಷದ ಮೇಲೆ ನಾಗಮಂಗಲದವರೂ ಅದೇ ಹುದ್ದೆಗೆ ಬಂದರು. ಈಗ ಸೀನಿಯರ್ ಯಾರು? ಮೊದಲು ಆ ಕುರ್ಚಿಯಲ್ಲಿ ಕೂತವರಾ, ಮೊದಲು ನೌಕರಿಗೆ ಸೇರಿದವರಾ?

ಇಬ್ಬರ ಮಾತಿನಲ್ಲೂ ನ್ಯಾಯ ಇದೆ. 'ಮೇಲಿನ ಹುದ್ದೆಯಲ್ಲಿ ನಾಲ್ಕು ವರ್ಷ ದುಡಿದೆ, ಅದು ಲೆಕ್ಕಕ್ಕೇ ಇಲ್ವಾ?' ಅಂತ ಒಬ್ಬರು. 'ಒಂದು ಸಲ ಹಿಂದೆ ಬಿದ್ದಿದ್ದಕ್ಕೆ ನಿವೃತ್ತಿ ತನಕ ಹಿಂದೆಯೇ ಇರಬೇಕಾ?' ಅಂತ ಇನ್ನೊಬ್ಬರು. ನ್ಯಾಯಾಲಯಗಳು 1995ರಲ್ಲಿ, 1999ರಲ್ಲಿ ಹಳೇ ಹಿರಿತನದ ಕಡೆ ವಾಲಿದವು. 2000ದ ಡಿಸೆಂಬರ್‌ನಲ್ಲಿ ಬಡಪ್ಪನವರ್ ಪ್ರಕರಣದಲ್ಲಿ ಕರ್ನಾಟಕಕ್ಕೂ ಅದೇ ಅನ್ವಯವಾಯಿತು. ಆಗ ಸಂಸತ್ತು 85ನೇ ತಿದ್ದುಪಡಿ ತಂದು, ಬಡ್ತಿಯ ಜೊತೆ ಜ್ಯೇಷ್ಠತೆಯನ್ನೂ ಕೊಡಬಹುದು ಅಂದಿತು. ಅದರ ಬಲದ ಮೇಲೆ ನಮ್ಮ ರಾಜ್ಯದ 2002ರ ಕಾಯ್ದೆ ಬಂತು. 2006ರ ಎಂ. ನಾಗರಾಜ್ ತೀರ್ಪು ತಿದ್ದುಪಡಿಯನ್ನು ಉಳಿಸಿತು, ಜೊತೆಗೆ ಒಂದು ಷರತ್ತು ಹಾಕಿತು: ಪ್ರಾತಿನಿಧ್ಯ ಕಡಿಮೆ ಇದೆ ಅನ್ನೋದಕ್ಕೆ ಅಂಕಿಅಂಶ ಕೊಡಿ.

ಸರ್ಕಾರ ಆ ಲೆಕ್ಕ ಮಾಡಿತಾ? ಇಲ್ಲ. ಇಲ್ಲೇ ನನಗೆ ಸಿಟ್ಟು ಬರೋದು. ನಾನು ಎಂಜಿನಿಯರಿಂಗ್ ಓದಿದವನು. ಲ್ಯಾಬ್‌ನಲ್ಲಿ ರೀಡಿಂಗ್ ಇಲ್ಲದೆ ರಿಸಲ್ಟ್ ಬರೆದರೆ ರೆಕಾರ್ಡ್ ಬುಕ್ ವಾಪಸ್ ಮುಖಕ್ಕೆ ಬರುತ್ತಿತ್ತು. ಹತ್ತು ವರ್ಷ ಕಳೆದರೂ ಯಾವ ಇಲಾಖೆಯಲ್ಲಿ ಯಾವ ದರ್ಜೆಯಲ್ಲಿ ಎಷ್ಟು ಜನ ಅಂತ ಎಣಿಸಿಡದೆ ರಾಜ್ಯ ಕೋರ್ಟಿನ ಮುಂದೆ ನಿಂತಿತು. 2017ರ ಫೆಬ್ರವರಿ 9ರಂದು ಬಿ.ಕೆ. ಪವಿತ್ರ ಪ್ರಕರಣದಲ್ಲಿ ಆ ಕಾಯ್ದೆಯ 3 ಮತ್ತು 4ನೇ ಸೆಕ್ಷನ್ ಬಿದ್ದವು. ಮೂರು ತಿಂಗಳಲ್ಲಿ ಪಟ್ಟಿ ಪರಿಷ್ಕರಿಸಿ ಅಂತ ಆದೇಶ. ಕೇಸಿಗೆ ಹೋದವರು ಲೋಕೋಪಯೋಗಿ ಇಲಾಖೆ ಎಂಜಿನಿಯರುಗಳು, ಪರಿಣಾಮ ಎಲ್ಲ ಇಲಾಖೆಗೂ. ಹಿಂಬಡ್ತಿ ಅನ್ನೋ ಪದ ಮನೆಮಾತಾಗಿದ್ದು ಆಗಲೇ. ಯಾವ ತಪ್ಪೂ ಮಾಡದ ನೌಕರರು ಒಂದು ದರ್ಜೆ ಕೆಳಗಿಳಿಯೋ ಭಯದಲ್ಲಿ ದಿನ ದೂಡಿದರು.

ಆಮೇಲೆ ಸರ್ಕಾರಕ್ಕೆ ಎಚ್ಚರ ಆಯಿತು. ರತ್ನಪ್ರಭಾ ಸಮಿತಿ 2017ರ ಮೇನಲ್ಲಿ ವರದಿ ಕೊಟ್ಟಿತು. ಹತ್ತು ವರ್ಷದಲ್ಲಿ ಆಗದ ಕೆಲಸ ಎರಡೇ ತಿಂಗಳಲ್ಲಿ ಆಯಿತು ನೋಡಿ. ಹೊಸ ಕಾಯ್ದೆಗೆ 2018ರ ಜೂನ್‌ನಲ್ಲಿ ರಾಷ್ಟ್ರಪತಿ ಅಂಕಿತ ಬಿತ್ತು. 2019ರ ಮೇ 10ರಂದು ನ್ಯಾಯಮೂರ್ತಿಗಳಾದ ಲಲಿತ್ ಮತ್ತು ಚಂದ್ರಚೂಡ್ ಅದನ್ನು ಎತ್ತಿಹಿಡಿದರು. ಮೊದಲ ತೀರ್ಪಿನ ಪೀಠದಲ್ಲೂ ಲಲಿತ್ ಇದ್ದರು. ಎರಡು ತೀರ್ಪಿನ ನಡುವೆ ಬದಲಾದ ಮುಖ್ಯ ಸಂಗತಿ ಅಂದರೆ ರಾಜ್ಯದ ಕೈಯಲ್ಲಿ ಅಂಕಿಅಂಶ ಬಂದಿದ್ದು. ಪಟ್ಟಿ ಮತ್ತೆ ತಿದ್ದಬೇಕಾಯಿತು.

ಹಾಗಂತ ತಕರಾರು ಮುಗಿಯಲ್ಲ. ತಾತ್ಕಾಲಿಕ ಪಟ್ಟಿ ಬರುತ್ತೆ, ಆಕ್ಷೇಪಣೆ ಹಾಕಬೇಕು, ಅಲ್ಲೂ ಕೇಳದಿದ್ದರೆ ಆಡಳಿತ ನ್ಯಾಯಮಂಡಳಿ. ಅದು ಶುರುವಾಗಿದ್ದು 1986ರಲ್ಲಿ. 1997ರಿಂದ ಅದರ ಆದೇಶದ ಮೇಲೆ ಹೈಕೋರ್ಟಿಗೂ ಹೋಗಬಹುದು. ಕೆ.ಆರ್. ಪೇಟೆಯ ಸಿಸ್ಟರ್ ನೈಟ್ ಡ್ಯೂಟಿ ಮುಗಿಸಿ, ಒಂದು ದಿನ ರಜೆ ಹಾಕಿ, ಬೆಂಗಳೂರು ಬಸ್ ಹತ್ತಿ ವಕೀಲರ ಹತ್ತಿರ ಬರಬೇಕು. ಮುಂದಿನ ದಿನಾಂಕ ಕೊಟ್ಟರೆ ಇನ್ನೊಂದು ರಜೆ. ಅರವತ್ತಕ್ಕೆ ನಿವೃತ್ತಿ. ಅಷ್ಟರಲ್ಲಿ ಪಟ್ಟಿ ಅಂತಿಮ ಆಗದಿದ್ದರೆ, ಸ್ಟಾಫ್ ನರ್ಸ್ ಆಗಿ ಸೇರಿದವರು ಅದೇ ಹುದ್ದೆಯಲ್ಲಿ ಹಾರ ಹಾಕಿಸಿಕೊಂಡು ಮನೆಗೆ ಹೋಗ್ತಾರೆ.