ವೆಲಿಂಗ್‌ಟನ್ ಪ್ರಭುವಿನ ರಾಜಕಾರಣ

೧೭೯೯ನೆಯ ಇಸವಿ ಏಪ್ರಿಲ್ ೫ರ ರಾತ್ರಿ ಶ್ರೀರಂಗಪಟ್ಟಣದ ಸಮೀಪದ ಸುಲ್ತಾನಪೇಟೆಯ ತೋಪಿನ ಕತ್ತಲೆಯಲ್ಲಿ ಇಂಗ್ಲಿಷರ ಕರ್ನಲ್ ಆರ್ಥರ್ ವೆಲ್ಲೆಸ್ಲಿಯು ದಾರಿ ತಪ್ಪಿದನು. ಟಿಪ್ಪುವಿನ ಸೈನಿಕರ ಗುಂಡುಗಳಿಗೆ ಸಿಕ್ಕಿ ಅವನ ಪಡೆಯು ಚದರಿತು. ಮರುದಿನ ಹಗಲಿನಲ್ಲಿ ಅದೇ ತೋಪು ಸುಲಭವಾಗಿ ವಶವಾಯಿತು. ಹಗಲು ನೋಡಿ ತಿಳಿಯದ ನೆಲೆಯ ಮೇಲೆ ಇರುಳಿನಲ್ಲಿ ಏರಿಹೋಗಕೂಡದೆಂದು ಆತನು ಆಗ ನಿಶ್ಚಯಿಸಿಕೊಂಡನು.

ಐರ್ಲೆಂಡಿನ ಶ್ರೀಮಂತ ಮನೆತನದ ಈತನೇ ಮುಂದೆ ವೆಲಿಂಗ್‌ಟನ್ನಿನ ಡ್ಯೂಕನಾಗಿ, ೧೮೧೫ರಲ್ಲಿ ವಾಟರ್ಲೂ ಕದನವನ್ನು ಗೆದ್ದು, ೧೮೨೮ರಲ್ಲಿ ಬ್ರಿಟನ್ನಿನ ಪ್ರಧಾನಮಂತ್ರಿಯಾದನು. ಕ್ಯಾಥೊಲಿಕರಿಗೆ ಪಾರ್ಲಿಮೆಂಟಿನಲ್ಲಿ ಸ್ಥಾನ ಕೊಡುವುದನ್ನು ವಿರೋಧಿಸುತ್ತ ಬಂದವನು, ಕೊಡದಿದ್ದರೆ ಐರ್ಲೆಂಡಿನಲ್ಲಿ ಅಂತರ್ಯುದ್ಧವಾದೀತೆಂದು ಕಂಡು, ೧೮೨೯ರಲ್ಲಿ ಸ್ವಪಕ್ಷದವರ ಕೋಪವನ್ನು ಹೊತ್ತು ಅದನ್ನು ಶಾಸನ ಮಾಡಿಸಿದನು. ಇದರ ಸಲುವಾಗಿ ವಿಂಚಿಲ್ಸೀ ಪ್ರಭುವಿನೊಡನೆ ಪಿಸ್ತೂಲು ಹಿಡಿದು ದ್ವಂದ್ವಯುದ್ಧಕ್ಕೂ ನಿಂತನು. ಪ್ರಧಾನಮಂತ್ರಿಗೆ ತಕ್ಕ ಕೆಲಸವೇ! ಪುಣ್ಯಕ್ಕೆ ಇಬ್ಬರಿಗೂ ಗಾಯವಾಗಲಿಲ್ಲ.

೧೮೩೦ರ ನವೆಂಬರ್ ೨ರಂದು ಮಾತ್ರ ಸುಲ್ತಾನಪೇಟೆಯ ಪಾಠವು ಮರೆತುಹೋದಂತೆ ತೋರುತ್ತದೆ. ಜನರು ಚುನಾವಣೆಯ ಸುಧಾರಣೆಗಾಗಿ ಕೂಗೆಬ್ಬಿಸಿದ್ದಾಗ, ಇರುವ ಪದ್ಧತಿಯಲ್ಲಿ ತಿದ್ದಬೇಕಾದುದೇನೂ ಇಲ್ಲವೆಂದು ಪ್ರಭುಗಳ ಸಭೆಯಲ್ಲಿ ಸಾರಿಬಿಟ್ಟನು. ಎದುರಿನ ಬಲವನ್ನು ಅಳೆದಿರಲಿಲ್ಲ. ಎರಡು ವಾರಗಳಲ್ಲಿ ಮಂತ್ರಿಮಂಡಲವು ಬಿದ್ದಿತು. ಮರುವರ್ಷ ಗುಂಪುಗೂಡಿದ ಜನರು ಲಂಡನ್ನಿನಲ್ಲಿದ್ದ ಅವನ ಮನೆಯ ಕಿಟಕಿಗಾಜುಗಳನ್ನು ಕಲ್ಲೆಸೆದು ಒಡೆದರು. ಆತನು ಕಿಟಕಿಗಳಿಗೆ ಕಬ್ಬಿಣದ ಕದಗಳನ್ನು ಹಾಕಿಸಿದನು.